ತೆರೆದಂಗೈ ಗುಡ್ಡಕ್ಕೆ ಆ ಹೆಸರು ಬಂದದ್ದು

ಉಪ್ಪುಸೀಮೆಗೆ ಬಂದವರು ತೆರೆದಂಗೈ ಗುಡ್ಡವನ್ನು ಹತ್ತದೆ ಹಿಂದಿರುಗುವುದಿಲ್ಲ. ಎರಡು ಸೂರ್ಯರು ಮೂಡುವ ಆ ನಾಡಿನಲ್ಲಿ ಹಿರಿಸೂರ್ಯನ ಬಿಸಿಲು ಏರುವ ಮುನ್ನವೇ ಹತ್ತಿಬಿಡಬೇಕು. ಮೇಲೆ ಮರವೂ ಇಲ್ಲ, ಮಂಟಪವೂ ಇಲ್ಲ. ಬಯಲಲ್ಲೇ ಗರದವ್ವ ಕಣ್ಣು ಮುಚ್ಚಿ ಕುಳಿತಿದ್ದಾಳೆ. ಪಗಡೆಯಲ್ಲಿ ಗರ ಬೀಳಿಸುವವಳೂ ಅವಳೇ, ಬಾಳಿನಲ್ಲಿ ಬೀಳಿಸುವವಳೂ ಅವಳೇ. ಅವಳ ಪಾದದ ಬಳಿ ಹುಣಸೆಬೀಜಕ್ಕಿಂತ ತುಸು ದೊಡ್ಡದಾದ ಕರಿಗಲ್ಲೊಂದಿದೆ. ಹತ್ತಿ ಬಂದವರು ದೇವಿಗೆ ಕೈಮುಗಿಯುವ ಮೊದಲು ಆ ಕಲ್ಲಿಗೆ ಎರಡೂ ಅಂಗೈ ಬಿಡಿಸಿ ತೋರಿಸುತ್ತಾರೆ. ಪರವೂರಿನವರು ಇದನ್ನು ನೋಡಿ, ಇಲ್ಲಿಯ ಜನ ಏನೋ ಬೇಡುತ್ತಿದ್ದಾರೆ ಎಂದುಕೊಳ್ಳುತ್ತಾರೆ. ಬೇಡುವುದೆಲ್ಲಿ ಬಂತು! ಗರದವ್ವನನ್ನು ಬೇಡಿ ಏನು ಪ್ರಯೋಜನ? ಯಾರಿಗೆ ಏನು ಬೀಳುತ್ತದೆಂಬುದು ಅವಳಿಗೂ ಮುಂಚೆ ತಿಳಿಯದು.

ಹಿಂದೆ ಒಮ್ಮೆ, ಗುಡ್ಡಕ್ಕೆ ಹೆಸರೇ ಇಲ್ಲದ ಕಾಲದಲ್ಲಿ, ಇದರ ಬುಡದ ಊರಿನವರು ಕೆಳಗಿನ ಕೊಳ್ಳದಲ್ಲಿ ಉಪ್ಪು ತೆಗೆದು ಬದುಕುತ್ತಿದ್ದರು. ವರ್ಷವಿಡೀ ಕೊಳ್ಳದ ತುಂಬ ಮಂಜು. ಕಿರಿಸೂರ್ಯ ಹಿರಿಯನ ಮರೆಗೆ ಸರಿಯುವ ಮೂರು ದಿನ ಮಾತ್ರ ಅದು ತೆಳುವಾಗುತ್ತಿತ್ತು. ಆದರೆ ಅಡಿಯ ಕೆಸರು ವರ್ಷವರ್ಷವೂ ಜಾಗ ಬದಲಿಸುತ್ತಿತ್ತು. ಹಾಗಾಗಿ ಒಬ್ಬರು ಸೊಂಟಕ್ಕೆ ಹಗ್ಗ ಕಟ್ಟಿಕೊಂಡು ಮೊದಲು ಇಳಿದು ಗಟ್ಟಿನೆಲ ಹುಡುಕಬೇಕು. ಆ ಹಗ್ಗದ ಜಾಡು ಹಿಡಿದು ಉಳಿದವರು ಇಳಿಯಬೇಕು. ಕೆಲವು ವರ್ಷ ಮೊದಲು ಇಳಿದವರು ನಗುತ್ತ ಮರಳುತ್ತಿದ್ದರು, ಕೆಲವು ವರ್ಷ ಹಗ್ಗ ಮಾತ್ರ ಮರಳುತ್ತಿತ್ತು. ಯಾರು ಇಳಿಯಬೇಕೆಂಬುದನ್ನು ಗರದವ್ವನಿಗೆ ಬಿಟ್ಟಿದ್ದರು. ಪ್ರಾಯಕ್ಕೆ ಬಂದ ಒಬ್ಬೊಬ್ಬರಿಗೂ ಗುರುತು ಕೆತ್ತಿದ ಒಂದೊಂದು ಕಲ್ಲು. ತಾಯಂದಿರು ತಮ್ಮ ಕೈಯಾರೆ ಅದನ್ನು ಗಡಿಗೆಗೆ ಹಾಕುತ್ತಿದ್ದರು. ಗಡಿಗೆ ಹಿಡಿದವಳು ಕೊನೆಯಲ್ಲಿ ತನ್ನ ಮನೆಯ ಕಲ್ಲು ಹಾಕಿ, ಕಣ್ಣು ಕಟ್ಟಿಕೊಂಡು ಒಂದನ್ನು ಎತ್ತುತ್ತಿದ್ದಳು. ಗಡಿಗೆಯ ಕಲ್ಲುಗಳನ್ನು ಎಣಿಸುವಂತಿರಲಿಲ್ಲ. ಎಣಿಸಿದರೆ ಅವ್ವನನ್ನು ನಂಬಲಿಲ್ಲವೆಂದಾಗುತ್ತದೆ ಎನ್ನುತ್ತಿದ್ದರು.

ಆ ಗಡಿಗೆ ಇಪ್ಪತ್ತು ವರ್ಷದಿಂದ ಸಂಕವ್ವನ ಕೈಯಲ್ಲಿತ್ತು. ಎಷ್ಟೋ ಮನೆಯ ಕಲ್ಲುಗಳನ್ನು ಕೈ ನಡುಗದೆ ಎತ್ತಿದವಳು. ಗಂಡ ತೀರಿಹೋಗಿ, ಅವಳಿಗೆ ಇದ್ದವನು ಮಗ ಬೀರಣನೊಬ್ಬನೇ. ಅವನಿಗೆ ಪ್ರಾಯ ತುಂಬಿದ ವರ್ಷ ಅವನ ಕಲ್ಲಿನ ಮೇಲೆ ಮೀನಿನ ಗುರುತನ್ನು ತಾನೇ ಕೆತ್ತಿದಳು. ಗಡಿಗೆಯ ಬಾಯಿಗೆ ಕೈ ಒಯ್ದಳು. ಮುಷ್ಟಿಯನ್ನು ಒಳಗೆ ಇಳಿಸಿದಳು, ಬಿಡಿಸಲಿಲ್ಲ. ಹಾಗೇ ಮೇಲೆತ್ತಿ ಕಲ್ಲನ್ನು ಸೆರಗಿಗೆ ಸೇರಿಸಿದಳು. ಎಷ್ಟು ಹೊತ್ತಿನ ಕೆಲಸ? ಆಮೇಲೆ ಕಣ್ಣು ಕಟ್ಟಿಕೊಂಡು ಎತ್ತಿದರೆ ಬಂದದ್ದು ಹೂವಿನ ಗುರುತು. ಅದು ಪಕ್ಕದ ಮನೆಯ ತಿಪ್ಪಕ್ಕನ ಮಗಳು ಹೊಂಬಿಯದು. ಸಂಕವ್ವನ ಅಡುಗೆಮನೆಯಲ್ಲೇ ಅರ್ಧ ಬೆಳೆದ ಹುಡುಗಿ. "ಅತ್ತೆ, ಹಗ್ಗ ಬಿಗಿಯಾಗಿ ಕಟ್ಟು. ಸಡಿಲಾದರೆ ದೆವ್ವ ಆಗಿ ನಿಮ್ಮನೆಗೇ ಬರ್ತೀನಿ ನೋಡು!" ಎಂದು ನಗಾಡಿದಳು. ಸಂಕವ್ವ ಬಿಗಿಯಾಗಿಯೇ ಕಟ್ಟಿದಳು. ಮಧ್ಯಾಹ್ನದ ಹೊತ್ತಿಗೆ ತುಂಡಾದ ಹಗ್ಗ ಮೇಲೆ ಬಂತು.

ಊರು ಅತ್ತು ಸುಮ್ಮನಾಯಿತು. ಸಂಕವ್ವನಿಗೆ ಮಾತ್ರ ಸುಮ್ಮನಿರಲಾಗಲಿಲ್ಲ. ಬೀರಣ ಎದುರು ಕುಳಿತು ಉಂಡರೆ ಸಂತೋಷ, ಮರುಗಳಿಗೆಗೆ ಆ ಸಂತೋಷದ ಮೇಲೇ ಹೇಸಿಗೆ. ನಾನೇನು ಹೊಂಬಿಯನ್ನು ಆರಿಸಿದೆನೇ, ಆರಿಸಿದವಳು ಅವ್ವ ಎಂದು ತನಗೆ ತಾನೇ ಹೇಳಿಕೊಂಡಳು. ಅವ್ವನ ಮುಂದೆ ಎಲ್ಲ ಕಲ್ಲುಗಳನ್ನೂ ಇಟ್ಟಿದ್ದರೆ ತಾನೇ ಅವಳು ಆರಿಸಿದಳು ಎನ್ನುವುದು ಎಂದು ಅವಳ ಮನಸ್ಸೇ ತಿರುಗಿಬಿತ್ತು. ಬೀರಣನ ಕಲ್ಲೂ ಇದ್ದಿದ್ದರೆ ಯಾವುದು ಬರುತ್ತಿತ್ತು? ಅದೊಂದನ್ನು ತಿಳಿಯಲೇಬೇಕೆಂದು ಗಡಿಗೆ ಹೊತ್ತು ಗುಡ್ಡ ಹತ್ತಿದಳು. ಹೂವಿನ ಕಲ್ಲಿನೊಡನೆ ಮೀನಿನ ಕಲ್ಲನ್ನೂ ಗಡಿಗೆಗೆ ಸೇರಿಸಿ ಎತ್ತಿದಳು. ಬೇರೆ ಯಾರದೋ ಬಂತು. ಮತ್ತೆ ಎತ್ತಿದಳು, ಹೂವು ಬಂತು; ಎದೆ ಹಗುರಾಯಿತು. ಮತ್ತೆ ಎತ್ತಿದಳು, ಮೀನು ಬಂತು, ತಟ್ಟನೆ ಅದನ್ನು ಮತ್ತೆ ಗಡಿಗೆಗೆ ಹಾಕಿದಳು. ಏಳು ದಿನ ಹೀಗೆ ಎತ್ತಿದಳು, ಬೆರಳ ತುದಿ ಸವೆದು ರಕ್ತ ಬಂತು ಎನ್ನುತ್ತಾರೆ. "ಹೇಳೇ ಅವ್ವ, ಆವತ್ತು ಯಾರದು ಬರ್ತಿತ್ತು, ಒಂದು ಸಲ ಹೇಳಿಬಿಡೇ" ಎಂದು ಕೂಗಿಕೊಂಡಳು. ಗರದವ್ವ ಹೇಳಲಿಲ್ಲ. ಗೊತ್ತಿದ್ದರಲ್ಲವೇ ಹೇಳುವುದು.

ಎಂಟನೆಯ ದಿನ ಇಳಿದು ಬಂದು ತಿಪ್ಪಕ್ಕನ ಬಾಗಿಲಲ್ಲಿ ನಿಂತಳು. ತಿಪ್ಪಕ್ಕ ಜಗುಲಿಯಲ್ಲಿ ಉಪ್ಪು ಜರಡಿ ಹಿಡಿಯುತ್ತಿದ್ದಳು. ಸಂಕವ್ವ ಅಂಗೈ ಬಿಡಿಸಿ ಮೀನಿನ ಕಲ್ಲು ತೋರಿಸಿ, "ಇದು ಆವತ್ತು ಗಡಿಗೆಯಲ್ಲಿ ಇರಲಿಲ್ಲ ತಿಪ್ಪಕ್ಕ" ಎಂದಳು. ಹೊಡೆಯಲಿ, ಉಗಿಯಲಿ, ಏನಾದರೂ ಮಾಡಲಿ ಎಂದೇ ಬಂದವಳು. ತಿಪ್ಪಕ್ಕ ಜರಡಿ ಕೆಳಗಿಟ್ಟು ಆ ಕಲ್ಲನ್ನು ನೋಡಿದಳು.

"ನನ್ನ ಕೈಯೂ ಗಡಿಗೆಯೊಳಗೆ ಬಿಚ್ಚಲ್ಲ ಅಂತು ಕಣೇ," ಎಂದಳು. "ಹಾಗೇ ಹಿಡಿದುಕೊಂಡು ಮೇಲೆ ಎತ್ತಿಬಿಡೋಣ ಅಂದ್ಕೊಂಡೆ. ಎದುರಿಗೆ ನೀನು ನಿಂತಿದ್ದೆ. ಸಂಕಿ ತನ್ನ ಮಗನದನ್ನೂ ಹಾಕ್ತಾಳಲ್ಲ ಅನ್ನಿಸ್ತು. ಬಿಟ್ಟುಬಿಟ್ಟೆ."

ವಿಷಯ ಹೊರಬಿದ್ದರೂ ಊರು ಸಂಕವ್ವನನ್ನು ಓಡಿಸಲಿಲ್ಲ. ಗಡಿಗೆ ಅವಳ ಕೈಯಲ್ಲೇ ಇರಲಿ ಎಂದವಳು ತಿಪ್ಪಕ್ಕನೇ. ಆದರೆ ಅಂದಿನಿಂದ ಗಡಿಗೆಯಿಂದ ಹೊರಬಂದ ಪ್ರತಿ ಕೈಯನ್ನೂ ಬಿಡಿಸಿ ತೋರಿಸಬೇಕೆಂದಾಯಿತು. ಎಲ್ಲರ ನಂತರ ಸಂಕವ್ವ ತಿಪ್ಪಕ್ಕನ ಮುಂದೆ ನಿಂತು ಬರಿಗೈ ತೋರಿಸುತ್ತಿದ್ದಳು. ಸಂಗತಿ ತಿಳಿದ ಬೀರಣ ತಾಯಿಯೊಡನೆ ಒಂದು ವರ್ಷ ಮಾತಾಡಲಿಲ್ಲ. ಅವನ ಕಲ್ಲು ಪ್ರತಿವರ್ಷ ಗಡಿಗೆಗೆ ಬಿತ್ತು. ಬರಲಿ ಎಂದು ಬೇಡಲಾರದೆ, ಬಾರದಿರಲಿ ಎಂದು ಬೇಡುವ ಮುಖವೂ ಇಲ್ಲದೆ ಸಂಕವ್ವ ಕಣ್ಣು ಕಟ್ಟಿಕೊಂಡು ಎತ್ತುತ್ತಿದ್ದಳು. ಅದು ಒಮ್ಮೆಯೂ ಬರಲಿಲ್ಲ. ಬೀರಣ ಮೊಮ್ಮಕ್ಕಳನ್ನು ಕಂಡು, ಹಲ್ಲೆಲ್ಲ ಉದುರಿ, ಹಾಸಿಗೆಯಲ್ಲೇ ಸತ್ತ. ಅದಕ್ಕೂ ಬಹಳ ಮೊದಲೇ ಸಂಕವ್ವ ಕಣ್ಣು ಮುಚ್ಚಿದ್ದಳು. ಕೊನೆಗಾಲದಲ್ಲಿ ಅವಳು ಆಡುತ್ತಿದ್ದದ್ದು ಒಂದೇ ಮಾತಂತೆ: "ಹಾಕಿದ್ದರೂ ಬರ್ತಿರಲಿಲ್ಲವೇನೋ."

ಈಗ ಕೊಳ್ಳದ ಮಂಜೂ ಇಲ್ಲ, ಕೆಸರೂ ಇಲ್ಲ; ಬಿಳಿಯ ಬಯಲು ಅಷ್ಟೇ. ಗರದವ್ವನ ಪಾದದ ಬಳಿ ಬೀರಣನ ಆ ಕಲ್ಲು ಇದೆ. ಮೀನು ಕಣ್ಣಿಗೆ ಕಾಣದಷ್ಟು ಸವೆದಿದೆ, ಬೆರಳಾಡಿಸಿದರೆ ಬಾಲ ಮಾತ್ರ ತಾಕುತ್ತದೆ. ಹತ್ತಿ ಬಂದವರು ಅದರೆದುರು ಅಂಗೈ ಬಿಡಿಸಿ, ತೋರಿಸಿ, ನಡೆಯುತ್ತಾರೆ. ಒಬ್ಬಿಬ್ಬರು ಕೈ ಬಿಡಿಸಲಾರದೆ ಅಲ್ಲೇ ನಿಂತುಬಿಡುವುದೂ ಉಂಟು. ಹಿಂದೆ ನಿಂತವರು ಅವಸರ ಮಾಡದೆ ಕಾಯುತ್ತಾರೆ.