ಕೋತಿಗೆ ಬಿದ್ದ ನಾಲ್ಕು ಕುಟುಕು

ನನ್ನ ಮೀಸೆ ಮೇಲಾಣೆ, ಇದು ಕೆರೆ ಏರಿ ಮೇಲೆ ನನ್ನ ಕಣ್ಣೆದುರೇ ನಡೆದದ್ದು. ಬಾತುಗಳ ಮಾತು ತಿಳಿಯೋನು ಏಳೂರಿಗೂ ನಾನೊಬ್ನೇ.

ಆಚೆ ದಡದ ಒಂದು ಕೋತಿ ಈಚೆ ದಡಕ್ಕೆ ಬಂದು ಹೆಬ್ಬಾತುಗಳ ಮೊಟ್ಟೆಗೆಲ್ಲ ಕೆಸರು ಬಳಿದು ಸಿಕ್ಕಿಬಿತ್ತು. ಬಾತುಗಳ ಕಾನೂನಲ್ಲಿ ಅದಕ್ಕೆ ಅಂಡಿನ ಮೇಲೆ ಆರು ಕುಟುಕು. ಆರೂ ಬೀಳ್ತವೆ ಅಂತ, ಗಾಳ ಹಾಕ್ಕೊಂಡು ಕೂತಿದ್ದ ಬೋರಲಿಂಗನ ಹತ್ರ ನಾನು ಬಾಜಿ ಕಟ್ಟಿದೆ.

ಅಷ್ಟರಲ್ಲಿ ಕೋತಿರಾಜನ ರಾಯಭಾರಿಯಾಗಿ ಒಂದು ಮುಸುವ ಬಂತು. "ನ್ಯಾಯಾಧೀಶರೇ, ನಮ್ಮ ರಾಜ್ಯದಲ್ಲಿ ಯಾರಿಗೂ ಹೊಡೆಯಲ್ಲ, ಬೈದು ಬಿಡ್ತೀವಿ. ನಮ್ಮವನ ಮೇಲೆ ಕೊಕ್ಕು ಬಿದ್ರೆ ನಮ್ಮ ನೇರಳೆ ಮರದಿಂದ ನಿಮಗೆ ಒಂದು ಹಣ್ಣೂ ಬೀಳಲ್ಲ."

"ಇಲ್ಲಿ ಮಾಡಿದ ತಪ್ಪಿಗೆ ಇಲ್ಲಿನದೇ ಶಿಕ್ಷೆ," ಅಂತು ನ್ಯಾಯಾಧೀಶರಾಗಿ ಕೂತಿದ್ದ ಮುದಿ ಹೆಬ್ಬಾತು. ಆಮೇಲೆ ಮರದ ಕಡೆ ನೋಡ್ತು. "ಆದ್ರೂ ಸ್ನೇಹ ದೊಡ್ಡದು. ನಾಲ್ಕೇ ಸಾಕು."

ನಾಲ್ಕು ಬಿತ್ತು. ಮುಸುವ ಮುಖ ಊದಿಸಿಕೊಂಡು ಹೊರಡೋಕೆ ಎದ್ದಿತು. ಆಗ ಈಚೆ ದಡದ್ದೇ ಒಂದು ಬಾತು ಕುಂಟ್ತಾ ಮುಂದೆ ಬಂತು.

"ಸ್ವಾಮಿ, ಹೋದ ವಾರ ಇದೇ ತಪ್ಪಿಗೆ ನಂಗೆ ಆರು ಕುಟುಕಿದ್ರಿ. ನನ್ನ ಎರಡು ವಾಪಸ್ ತಗೊಳ್ಳಿ."

ಹೆಚ್ಚಿಗೆ ಕುಟುಕಿದ್ರೆ ಕುಟುಕಿದೋರೇ ಅದನ್ನ ತಿನ್ನಬೇಕು ಅನ್ನೋದು ಬಾತುಗಳ ಕಟ್ಟಳೆ. ನ್ಯಾಯಾಧೀಶರು ಅಂಡು ತಿರುಗಿಸಿ ನಿಂತ್ರು. ಎರಡು ಬಿತ್ತು.

ಮುಸುವ ಹೊಟ್ಟೆ ಹಿಡ್ಕೊಂಡು ನಕ್ಕಿತು. "ನಮ್ಮ ತಕರಾರು ವಾಪಸ್. ನಾಳೆ ಹಣ್ಣು ಬೀಳ್ತದೆ, ಬನ್ನಿ."

ಒಟ್ಟು ಆರೂ ಬಿತ್ತಲ್ಲೋ ಅಂದೆ ನಾನು. "ಕೋತಿ ಅಂಡಿಗೆ ಎಷ್ಟು ಬಿತ್ತು, ಅಷ್ಟು ಹೇಳಣ್ಣ," ಅಂತ ಬೋರಲಿಂಗ ಕೈ ಚಾಚಿದ. ಹೋಯ್ತು, ಮೂವತ್ತೇಳೂವರೆ ರೂಪಾಯಿ.