ಏಳನೆಯ ಸುತ್ತಿನ ವಿರಾಮ

“ಗುರುಗಳೇ, ಎಲ್ಲವನ್ನೂ ಸಾಕ್ಷಿಯಾಗಿ ನೋಡು ಎನ್ನುತ್ತೀರಿ. ಹಾಗೆ ನೋಡುತ್ತ ಸುಮ್ಮನಿದ್ದವನಿಗೆ ದೋಷ ತಟ್ಟುವುದೇ?” ಎಂದು ಶಿಷ್ಯ ಕೇಳಿದ.

ಗುರುಗಳು ನಕ್ಕರು. “ಕೂತಲ್ಲಿಂದ ಏಳದೆ ಇರುವುದಕ್ಕೆ ಚೆಂದದ ಹೆಸರು ಹುಡುಕಿದ್ದೀಯ. ಇರಲಿ, ಕೇಳು,” ಎಂದು ಹೇಳತೊಡಗಿದರು.

ಒಬ್ಬ ಸಾಕ್ಷ್ಯಚಿತ್ರ ನಿರ್ದೇಶಕನಿದ್ದ. ಬಾಕ್ಸಿಂಗನ್ನೇ ಕಸುಬಾಗಿಸಿಕೊಂಡವರ ಬದುಕನ್ನು ಚಿತ್ರೀಕರಿಸುವುದರಲ್ಲಿ ಇಪ್ಪತ್ತು ವರ್ಷ ಕಳೆದಿದ್ದ. ಅವನದೊಂದು ಕಟ್ಟುನಿಟ್ಟು ಇತ್ತು. ಕ್ಯಾಮೆರಾದ ಹಿಂದೆ ನಿಂತ ಮೇಲೆ ಬಾಯಿ ಬಿಡಬಾರದು. ಅವನ ಯಾವ ಚಿತ್ರದಲ್ಲೂ ಅವನ ದನಿ ಕೇಳುವುದಿಲ್ಲ. ಹೆಸರು ಬಂದದ್ದೂ ಅದರಿಂದಲೇ. ಮನುಷ್ಯ ಕೆಟ್ಟವನಲ್ಲ; ಪಂದ್ಯದ ಮರುದಿನ ಸೋತವನ ಮನೆಗೆ ಹೋಗಿ ಕೂತು ಬರುವಂಥವನು.

ಒಬ್ಬ ಬಾಕ್ಸರನ ಹಿಂದೆ ಅವನು ಒಂಬತ್ತು ವರ್ಷ ತಿರುಗಿದ. ಬಾಕ್ಸರ್ ಅವನನ್ನು ಅಣ್ಣಾ ಎಂದೇ ಕರೆಯುತ್ತಿದ್ದ. ಕೊನೆಗೆ ದೊಡ್ಡ ಪಂದ್ಯ ಬಂತು. ಗೆದ್ದರೆ ಬಾಕ್ಸರನಿಗೆ ಪಟ್ಟ, ಇವನ ಚಿತ್ರಕ್ಕೆ ಮುಕ್ತಾಯ.

ಏಳನೆಯ ಸುತ್ತು ಮುಗಿಯಿತು. ಒಂದು ನಿಮಿಷದ ವಿರಾಮ. ಬಾಕ್ಸರ್ ಮೂಲೆಯ ಸ್ಟೂಲಿನ ಮೇಲೆ ಕೂತ. ತರಬೇತುದಾರ ಎಡಹುಬ್ಬಿನ ರಕ್ತ ಒರೆಸುವುದರಲ್ಲಿದ್ದ. ಬಲಗಡೆಯಿಂದ ಸಹಾಯಕ ನೀರಿನ ಬಾಟಲಿ ಹಿಡಿದ. ಬಾಕ್ಸರ್ ಬಾಯಿ ತೆರೆದ; ಆದರೆ ಎಡಕ್ಕೆ ತಿರುಗಿ ಬಾಟಲಿಯನ್ನು ಹುಡುಕಿದ. ನೀರು ಬೇಡವಾಗಿರಬೇಕು ಎಂದುಕೊಂಡು ಸಹಾಯಕ ಕೈ ಹಿಂದೆಗೆದ.

ಬಲಗಣ್ಣು ಕಾಣುತ್ತಿಲ್ಲವೆಂದು ನಿರ್ದೇಶಕನಿಗೆ ಮಾತ್ರ ಗೊತ್ತಾಯಿತು. ಎಂಥ ದೃಶ್ಯ ಸಿಕ್ಕಿತು ಎಂದುಕೊಂಡು ಅವನು ಕ್ಯಾಮೆರಾದಲ್ಲಿ ಆ ಮುಖವನ್ನು ಇನ್ನಷ್ಟು ಹತ್ತಿರಕ್ಕೆ ತಂದ. ಗಂಟೆ ಹೊಡೆಯಿತು.

ಎಂಟನೆಯ ಸುತ್ತಿನಲ್ಲಿ ಹೊಡೆತವೆಲ್ಲ ಬಲಗಡೆಗೇ ಬಿತ್ತು. ನಿರ್ದೇಶಕ ಕ್ಯಾಮೆರಾದಿಂದ ಕಣ್ಣು ತೆಗೆದ. ವಿರಾಮ ಬಂದೊಡನೆ, “ನಿಲ್ಲಿಸಿ! ಅವನಿಗೆ ಬಲಗಣ್ಣು ಕಾಣ್ತಿಲ್ಲ!” ಎಂದು ಕೂಗಿದ. ತರಬೇತುದಾರ ಪರೀಕ್ಷಿಸಿ ನೋಡಿ, ಸೋಲೊಪ್ಪಿಕೊಂಡು ಟವೆಲನ್ನು ಅಖಾಡಕ್ಕೆ ಎಸೆದ. ಪಂದ್ಯ ಅಲ್ಲಿಗೆ ಮುಗಿಯಿತು.

ಬಲಗಣ್ಣು ಹೋಯಿತು; ಒಂದು ಸುತ್ತು ಮೊದಲೇ ನಿಲ್ಲಿಸಿದ್ದರೆ ಅದೂ ಉಳಿಯುತ್ತಿತ್ತು ಎಂದರು ವೈದ್ಯರು. ಎಡಗಣ್ಣು ಉಳಿಯಿತು. ಈ ಕಣ್ಣು ಅಣ್ಣ ಕೊಟ್ಟದ್ದು ಎಂದು ಬಾಕ್ಸರ್ ಸಿಕ್ಕವರಿಗೆಲ್ಲ ಹೇಳಿಕೊಂಡು ತಿರುಗಿದ. ಅದು ಕಿವಿಗೆ ಬಿದ್ದಾಗಲೆಲ್ಲ ನಿರ್ದೇಶಕ ಕುಗ್ಗುತ್ತಿದ್ದ. ಏಳನೆಯ ಸುತ್ತಿನ ವಿರಾಮವನ್ನು ಚಿತ್ರದಿಂದ ತೆಗೆದುಬಿಡು ಎಂದು ಜೊತೆಯವರು ಬುದ್ಧಿ ಹೇಳಿದರು. ಅವನು ತೆಗೆಯಲಿಲ್ಲ. ಬಾಕ್ಸರನನ್ನೇ ಕರೆಸಿ, ಎಲ್ಲರಿಗಿಂತ ಮೊದಲು ಅವನಿಗೆ ತೋರಿಸಿದ.

ಬಾಕ್ಸರ್ ಎಡಗಣ್ಣನ್ನು ಪರದೆಯಿಂದ ಕೀಳದೆ ನೋಡಿದ.

“ಅಣ್ಣಾ, ಆಗ್ಲೇ ಗೊತ್ತಾಗಿತ್ತಾ ನಿಮಗೆ?”

“ಗೊತ್ತಾಗಿತ್ತು ಕಣಪ್ಪ.”

ಬಾಕ್ಸರ್ ಎದ್ದು ಹೊರಟುಹೋದ.

ಗುರುಗಳು ಕತೆ ನಿಲ್ಲಿಸಿದರು. ಶಿಷ್ಯನಿಗೆ ತಡೆಯಲಾಗಲಿಲ್ಲ. “ಪಾಪ, ಮುಚ್ಚಿಡದೆ ತಾನಾಗಿ ಒಪ್ಪಿಕೊಂಡನಲ್ಲ. ಬಾಕ್ಸರ್ ಅವನನ್ನು ಕ್ಷಮಿಸಲಿಲ್ಲವೇ?”

“ಮಾರನೆಯ ದಿನವೇ ಬಂದು ಕ್ಷಮಿಸಿದ, ಕಣ್ಣು ಮಾತ್ರ ಬರಲಿಲ್ಲ,” ಎಂದರು ಗುರುಗಳು.