ದ್ಯಾವಿ ಕೇಳಿದ ದಾರಿ

ಮಕ್ಕಳೇ, ಕಲ್ಲುಗುಡ್ಡದ ಕಾಡಿನಲ್ಲಿ ಒಂದು ಕೆರೆಯಿತ್ತು. ಅದರ ಮೂರು ಕಡೆ ಕಡಿದಾದ ಬಂಡೆ, ಒಂದು ಕಡೆ ಮಾತ್ರ ಮಣ್ಣಿನ ಇಳಿಜಾರು. ದ್ಯಾವಿ ಎಂಬ ಜಿಂಕೆ ದಿನಾ ಆ ಇಳಿಜಾರಿನಲ್ಲೇ ಇಳಿದು ನೀರು ಕುಡಿಯುತ್ತಿದ್ದಳು. ಅವಳಿಗೆ ಇದ್ದದ್ದು ಮೂರೇ ಕಾಲು. ಬೇಟೆಗಾರರ ಉರುಳಿಗೆ ಸಿಕ್ಕಿ ಒಂದು ಮುಂಗಾಲು ಹೋಗಿತ್ತು. ಹಾಗಂತ ಯಾರ ಮುಂದೆಯೂ ಗೋಳಾಡಿದವಳಲ್ಲ. ತನ್ನ ಪಾಡಿಗೆ ತಾನು ಮೇಯುತ್ತಿದ್ದಳು, ಸಿಕ್ಕವರನ್ನೆಲ್ಲ ಮಾತಾಡಿಸುತ್ತಿದ್ದಳು.

ಆ ಬೇಸಿಗೆಯಲ್ಲಿ ಇಳಿಜಾರಿನ ಕಡೆಯಿಂದ ಊರ ನಾಯಿಗಳು ನುಗ್ಗತೊಡಗಿದವು. ಕಾಡಿನ ಯಜಮಾನ ಕಾಟಪ್ಪ ಎಂಬ ಕಾಡುಕೋಣ ಸಭೆ ಕರೆದ. ಸಭೆ ನಡೆಯುವುದು ಹೆಬ್ಬಂಡೆಯ ನೆತ್ತಿಯ ಮೇಲೆ. ಅಲ್ಲಿಗೆ ಹತ್ತಿ ಬಂದವರು ಮಾತ್ರ ಮಾತಾಡಬಹುದು. ಅದು ಅಲ್ಲಿಯ ಪದ್ಧತಿ.

"ಇಳಿಜಾರಿಗೆ ಕಲ್ಲು, ಮುಳ್ಳು ತುಂಬಿ ಮುಚ್ಚಿಬಿಡೋಣ. ನಾವು ಬಂಡೆ ಕಡೆಯಿಂದ ಇಳಿದರಾಯಿತು. ಯಾರದ್ದಾದರೂ ತಕರಾರಿದೆಯಾ?" ಎಂದ ಕಾಟಪ್ಪ.

ಯಾರೂ ತುಟಿಪಿಟಕ್ ಎನ್ನಲಿಲ್ಲ. ತಕರಾರು ಇದ್ದವಳು ಬಂಡೆಯ ಬುಡದಲ್ಲಿ ನಿಂತಿದ್ದಳಲ್ಲ!

"ಕಾಟಪ್ಪಣ್ಣಾ, ನಾನು ಹೇಗೆ ಇಳಿಯಲಿ?" ಎಂದು ದ್ಯಾವಿ ಕೆಳಗಿನಿಂದ ಕೂಗಿದಳು.

"ಹೇಳುವುದಿದ್ದರೆ ಮೇಲೆ ಬಂದು ಹೇಳಮ್ಮ. ಪದ್ಧತಿ ಎಲ್ಲರಿಗೂ ಒಂದೇ."

ಕೇಳಿದಿರಾ ಮಾತನ್ನು? ಪಾಪ, ದ್ಯಾವಿ ಹತ್ತಲು ನೋಡಿದಳು. ಎರಡು ಸಲ ಜಾರಿ ಬಿದ್ದಳು. ಮೂರನೆಯ ಸಲ ಮಂಡಿ ತರಚಿ ರಕ್ತ ಬಂತು. ಅಷ್ಟರಲ್ಲಿ ಸಭೆಯೇ ಮುಗಿದುಹೋಗಿತ್ತು.

ಎಲ್ಲರೂ ಇಳಿದು ಬಂದಾಗ ಅವಳು ಬೇಡಿಕೊಂಡಳು. "ಅಣ್ಣಾ, ನನ್ನ ಮೈ ಹಿಡಿಸುವಷ್ಟು ಜಾಗ ಬಿಡಿ, ಸಾಕು. ಮುಸುವಣ್ಣ ಮರದ ಮೇಲೆ ಕೂತು, ನಾಯಿ ಬಂದರೆ ಕೂಗಲಿ."

"ಒಬ್ಬಳಿಗೋಸ್ಕರ ನಾನು ಕಾವಲು ಕೂರೋದಾ? ಚೆನ್ನಾಗಿದೆ!" ಕಪ್ಪು ಮೂತಿಯ ಕೋತಿ ಮುಸುವ ಮುಖ ತಿರುಗಿಸಿದ.

ಕಾಟಪ್ಪನಿಗೆ ಅಯ್ಯೋ ಅನಿಸಿತು. "ನಿನಗ್ಯಾಕಮ್ಮ ಈ ಕಷ್ಟ? ದಿನಾ ಒಬ್ಬೊಬ್ಬರು ಮುತ್ತುಗದ ಎಲೆಯಲ್ಲಿ ನೀರು ತಂದುಕೊಡುತ್ತೇವೆ. ಹಾಯಾಗಿ ಕೂತು ಕುಡಿ."

"ನನಗೆ ದಾರಿ ಬೇಕು ಅಣ್ಣಾ. ಬಾಯಾರಿದಾಗ ನಿಮ್ಮ ಹಾಗೆ ನಾನೇ ಹೋಗಿ ಕುಡಿಯಬೇಕು."

"ಅಬ್ಬಬ್ಬಾ, ಇವಳ ಜಂಬ ನೋಡಿ!" ಎಂದ ಮುಸುವ. ಎಲ್ಲರೂ ನಕ್ಕರು. ಅದೇ ದಿನ ಇಳಿಜಾರು ಮುಚ್ಚಿಹೋಯಿತು.

ಮೊದಲ ವಾರ ನಾ ಮುಂದು ತಾ ಮುಂದು ಎಂದು ನೀರು ತಂದರು. ತಂದವರೆಲ್ಲ ಅದನ್ನು ಕಾಡಿಗೆಲ್ಲ ಸಾರಿಕೊಂಡು ಬಂದರು. ಆಮೇಲೆ ದಿನಕ್ಕೊಂದೇ ಎಲೆ. ಆಮೇಲೆ ಮುಸುವ ಕೊಟ್ಟಿರುತ್ತಾನೆ ಎಂದು ಮೊಲದಜ್ಜಿ ಸುಮ್ಮನಾದಳು, ಮೊಲದಜ್ಜಿ ಕೊಟ್ಟಿರುತ್ತಾಳೆ ಎಂದು ಮುಸುವ ಸುಮ್ಮನಾದ. ಕಾಟಪ್ಪನಿಗಂತೂ ನೆನಪೇ ಇರಲಿಲ್ಲ. ಸುಡುಬಿಸಿಲಿನ ಮೂರು ದಿನ ದ್ಯಾವಿಗೆ ಒಂದು ಹನಿ ನೀರು ಸಿಗಲಿಲ್ಲ.

ನಾಲ್ಕನೆಯ ದಿನ ಬೆಳಿಗ್ಗೆ ಕೆರೆಗಿಳಿದವರು ಕಂಡರು. ದ್ಯಾವಿ ಮುಳ್ಳಿನ ರಾಶಿಯ ನಡುವೆ ಬಿದ್ದಿದ್ದಳು. ಅರ್ಧ ದಾರಿ ನುಸುಳಿಕೊಂಡೇ ಬಂದಿದ್ದಳು. ಮೈಯೆಲ್ಲ ಗೀರು. ನೀರು ಹತ್ತು ಹೆಜ್ಜೆ ದೂರದಲ್ಲಿತ್ತು. ಕಣ್ಣು ಅತ್ತಲೇ ತೆರೆದಿತ್ತು, ಉಸಿರು ಮಾತ್ರ ಇರಲಿಲ್ಲ. ಇದನ್ನು ಹೇಳುವಾಗ ನನಗೆ ಸಂಕಟವಾಗುತ್ತದೆ ಮಕ್ಕಳೇ.

ಅವಳನ್ನು ಮೇಲಕ್ಕೆ ಒಯ್ದು ಮಣ್ಣು ಮಾಡಬೇಕಿತ್ತು. ಕಾಟಪ್ಪ ಕೊಂಬಿನಿಂದ ಮುಳ್ಳು ಸರಿಸಿದ, ನಾಲ್ಕು ಕಲ್ಲು ಉರುಳಿಸಿದ. ಮುಸುವ ಒಂದಷ್ಟು ಕೊಂಬೆ ಎಳೆದುಹಾಕಿದ. ಬಿಸಿಲು ಏರುವುದರೊಳಗೆ ಕೆರೆಯಿಂದ ಮೇಲಿನ ತನಕ, ಒಂದು ಜಿಂಕೆ ಆರಾಮಾಗಿ ನಡೆದುಹೋಗುವಷ್ಟು ದಾರಿ ತೆರೆದುಕೊಂಡಿತು.

ಮೊಲದಜ್ಜಿ ಅದನ್ನೇ ನೋಡುತ್ತ ನಿಂತಳು.

"ಇಷ್ಟೇನಾ ಕಾಟಪ್ಪಾ, ಇದ್ದ ಕೆಲಸ?"

ಕಾಟಪ್ಪ ತಲೆ ತಗ್ಗಿಸಿದ.

ನೀತಿ: ದಾರಿ ಎಲ್ಲರ ಹಕ್ಕು, ಅದನ್ನು ಮುಚ್ಚಿ ಕನಿಕರ ತೋರಿಸುವುದು ಉಪಕಾರವಲ್ಲ.